ಎದುರಾಳಿಯ ಪರ ವಾದಿಸಿದ ನಮ್ಮಕ್ಕ

ಪಾರಿವಾಳದ ವಿಷಯ ಬೇಕಾದರೆ ಸುಳ್ಳು ಅನ್ನು, ಒಪ್ಪಿಕೊಳ್ಳುತ್ತೇನೆ. ಆದರೆ ನಮ್ಮಕ್ಕ ತನಗೆ ಬರಬೇಕಿದ್ದ ಪ್ರೊಫೆಸರ್ ಹುದ್ದೆಯನ್ನು ಬಾಯಾರೆ ಇನ್ನೊಬ್ಬರಿಗೆ ಕೊಡಿಸಿ ಮನೆಗೆ ಬಂದದ್ದು ನಿಜ. ನೀನು ಹುಬ್ಬು ಏರಿಸಿದರೂ ನಿಜ, ಇಳಿಸಿದರೂ ನಿಜ.

ಅಕ್ಕ ಲಾ ಕಾಲೇಜಿನಲ್ಲಿ ಅಂತರರಾಷ್ಟ್ರೀಯ ಕಾನೂನು ಕಲಿಸುತ್ತಿದ್ದಳು. ಅಂದರೆ ದೇಶದೇಶಗಳ ಜಗಳ. ಗೋಡೆ ನಿಂದು, ಮೋರಿ ನಂದು ಅಂತ ನಾವು ಪಕ್ಕದ ಮನೆಯವರ ಜೊತೆ ಕಾದಾಡುತ್ತೇವಲ್ಲ, ಅದನ್ನೇ ಕೋಟು ಹಾಕಿಕೊಂಡು ಮಾಡುವುದು. ಅವಳ ತರಗತಿಯಲ್ಲಿ ಎಡಗಡೆ ಬೆಂಚುಗಳು ಒಂದು ದೇಶ, ಬಲಗಡೆಯವು ಇನ್ನೊಂದು. ನಡುವಿನ ನದಿಯಲ್ಲಿ ಹೊಸದಾಗಿ ನಡುಗಡ್ಡೆ ಎದ್ದಿದೆ, ಅದು ಯಾರದು? ಹುಡುಗರು ಮೇಜು ಗುದ್ದಿ ಬಿಸಿಯೇರುವ ಹೊತ್ತಿಗೆ ಅಕ್ಕ ಹಿತ್ತಾಳೆಯ ಗಂಟೆ ಬಾರಿಸುತ್ತಿದ್ದಳು. ಕೂಡಲೇ ಎಡದವರು ಬಲದವರ ಪರ, ಬಲದವರು ಎಡದವರ ಪರ ವಾದಿಸಬೇಕು. ಕಾಲೇಜಿಗೆಲ್ಲ ಅವಳು ಗಂಟೆ ಮೇಡಂ. ಕಿಟಕಿಯ ಪಾರಿವಾಳಗಳೂ ಗಂಟೆ ಕೇಳಿದೊಡನೆ ಈ ತುದಿಯಿಂದ ಆ ತುದಿಗೆ ಹಾರಿ ಕೂರುತ್ತಿದ್ದವು. ಸರಿ, ಎಲ್ಲವೂ ಅಲ್ಲ. ಒಂದು ಹಾರುತ್ತಿತ್ತು.

ಮನೆಯಲ್ಲೂ ಅದೇ ಚಾಳಿ. ಗಾಳಿ ಬರುವ ಕೋಣೆ ನನಗೇ ಬೇಕು ಅಂತ ನಾನು ಹಟ ಹಿಡಿದಾಗ, ಮೊದಲು ನನ್ನ ಪರ ವಾದಿಸು, ಆಮೇಲೆ ನಿನ್ನದು ಹೇಳು ಅಂದಳು. ಅವಳ ಪರ ನಾನು ಎಷ್ಟು ಚೆನ್ನಾಗಿ ವಾದಿಸಿದೆನೆಂದರೆ, ನನ್ನ ಸರದಿ ಬರುವ ಮೊದಲೇ ಅಪ್ಪ ಕೋಣೆಯನ್ನು ಅವಳಿಗೆ ಕೊಟ್ಟುಬಿಟ್ಟರು.

ವಿಭಾಗಕ್ಕೆ ಇದ್ದದ್ದು ಒಂದೇ ಪ್ರೊಫೆಸರ್ ಹುದ್ದೆ. ಅದು ಖಾಲಿಯಾದಾಗ ಅಕ್ಕನಿಗೆ ನಿವೃತ್ತಿ ಹತ್ತಿರ. ತಪ್ಪಿದರೆ ಮತ್ತೆ ಸಿಗುವ ಮಾತೇ ಇಲ್ಲ. ಅವಳಿಗೆ ಆಸೆ ಇರಲಿಲ್ಲ ಅಂದುಕೊಳ್ಳಬೇಡ. ಸಂದರ್ಶನದ ಬೆಳಿಗ್ಗೆ ಕನ್ನಡಕ ಒರೆಸಿದ್ದೇ ಒರೆಸಿದ್ದು, ಗಾಜು ಸವೆದು ನಂಬರೇ ಬದಲಾಗಿಹೋಯಿತು. ಎದುರಾಳಿ ಒಬ್ಬರೇ: ಒಪ್ಪಂದಗಳ ಪಾಠ ಮಾಡುತ್ತಿದ್ದ ಮೇಷ್ಟ್ರು. ಅಕ್ಕನಿಗಿಂತ ಚಿಕ್ಕವರು, ಮಾತು ಕಮ್ಮಿ. ಅವರ ಸಂದರ್ಶನ ಮೊದಲೇ ಮುಗಿದಿತ್ತು.

ಸಮಿತಿಯವರು ಅಕ್ಕನನ್ನು ಕೂರಿಸಿ, ಅವರಿಗಿಂತ ನೀವು ಯಾವುದರಲ್ಲಿ ಮೇಲು ಅಂತ ಕೇಳಿದರು. ಹುಟ್ಟುಗುಣ ಬಿಡುತ್ತದೆಯೇ? ಮೊದಲು ಎದುರಿನವರ ವಾದ ಹೇಳಿಬಿಡುತ್ತೇನೆ ಅಂತ ಶುರು ಮಾಡಿದಳು. ಮೀನುಗಾರಿಕೆ ಒಪ್ಪಂದಗಳ ಮೇಲೆ ಆ ಮೇಷ್ಟ್ರು ಬರೆದ ಪುಸ್ತಕ, ಜ್ವರ ಬಂದರೂ ಲೈಬ್ರರಿ ಬಿಡದ ಅವರ ಶ್ರದ್ಧೆ, ಒಂದನ್ನೂ ಬಿಡಲಿಲ್ಲ. ಇನ್ನು ನನ್ನ ಪಕ್ಷ ಅನ್ನುವಷ್ಟರಲ್ಲಿ ಅಧ್ಯಕ್ಷರು ಗಡಿಯಾರ ನೋಡಿ, ಧನ್ಯವಾದ, ಸಮಯ ಆಯಿತು ಅಂದರು.

ಹುದ್ದೆ ಮೇಷ್ಟ್ರಿಗೆ ಹೋಯಿತು. ನಿನ್ನ ಕಾಲ ಮೇಲೆ ನೀನೇ ಕಲ್ಲು ಎತ್ತಿಹಾಕಿಕೊಂಡೆಯಲ್ಲೇ ಅಂತ ನಾನು ಮನೆಯಲ್ಲಿ ಕೂಗಾಡಿದೆ.

ಆ ವಾರವೇ ಮೇಷ್ಟ್ರು ನಮ್ಮ ಮನೆಗೆ ಬಂದರು. ಸಮಿತಿಯವರೊಬ್ಬರು ಅವರಿಗೆ ಎಲ್ಲಾ ಹೇಳಿದ್ದರಂತೆ.

"ನನ್ನ ಹೆಂಡ್ತಿ ಕೂಡ ನನ್ನ ಬಗ್ಗೆ ಇಷ್ಟು ಒಳ್ಳೆ ಮಾತಾಡಿಲ್ಲ ಮೇಡಂ," ಅಂದರು. "ನೀವು ಹೇಳದೇ ಉಳಿದದ್ದನ್ನ ಈಗ ನಾನು ಹೇಳ್ತೀನಿ."

ಆ ಮಾತಿಲ್ಲದ ಮನುಷ್ಯ ಕಾಫಿ ಆರುವವರೆಗೂ ಅಕ್ಕನ ಪರ ವಾದಿಸಿದರು. ದಿಕ್ಕು ಬದಲಿಸುವ ನದಿಗಳ ಗಡಿಯ ಬಗ್ಗೆ ಅವಳು ಬರೆದದ್ದನ್ನು ಬೇರೆ ದೇಶದ ವಕೀಲರು ತರಿಸಿಕೊಂಡು ಓದುವುದು, ತಾವೇ ಅವಳ ತರಗತಿಯ ಹಿಂದಿನ ಬೆಂಚಿನಲ್ಲಿ ಕೂತು ಕಲಿತದ್ದು, ಎಲ್ಲಾ ಹೇಳಿದರು. ಅಕ್ಕ ಸುಮ್ಮನಿದ್ದಳೇ? ಮೊದಲನೆಯದಕ್ಕೆ ಸಾಕ್ಷಿ ಸಾಲದು ಅಂತ ತಡೆದಳು.

"ಆ ಹುದ್ದೆ ನಿಮಗೇ ಸಲ್ಲಬೇಕಿತ್ತು," ಅಂತ ಅವರು ಮುಗಿಸಿದರು.

"ಅಲ್ಲೇ ಹೇಳಬಹುದಿತ್ತಲ್ಲಪ್ಪ?"

"ಅಲ್ಲಿ ನನಗೆ ಕೆಲಸ ಬೇಕಿತ್ತು ಮೇಡಂ."

ಅಕ್ಕ ಕಪ್ಪು ಕೆಳಗಿಟ್ಟಳು. "ನನಗೂ ಬೇಕಿತ್ತು ಕಣಪ್ಪ."

ಅವಳ ಬಾಯಲ್ಲಿ ಆ ಮಾತು ನಾನು ಕೇಳಿದ್ದು ಅದೊಂದೇ ಸಲ.

ಬೇಜಾರು ಹೋಯಿತಾ ಅಂತೀಯ? ಎಲ್ಲಿಂದ ಹೋಗಬೇಕು! ಪ್ರೊಫೆಸರ್ ಕೋಣೆಯ ಮುಂದೆ ಹಾಯಬಾರದು ಅಂತ ಎಷ್ಟೋ ದಿನ ಹಿಂದಿನ ಮೆಟ್ಟಿಲು ಹತ್ತಿದಳು. ಆಮೇಲೆ ಮೊಣಕಾಲು ನೋವು ಬಂತು, ಮುಂದಿನ ಮೆಟ್ಟಿಲಿಗೇ ಬಂದಳು. ಅವಳು ಬಂದರೆ ಮೇಷ್ಟ್ರು ಕುರ್ಚಿಯಿಂದ ಏಳುತ್ತಿದ್ದರು. ಅವರಷ್ಟೇ ಅಲ್ಲ, ಕುರ್ಚಿಯೂ ಎದ್ದು ನಿಲ್ಲು...

ಆಂ? ಬಂದೆ ಕಣೇ, ಬಂದೆ. ನಿನ್ನಜ್ಜಿ ತಟ್ಟೆ ಇಟ್ಟಾಯಿತಂತೆ. ಏಳು, ಕೈ ತೊಳೆದುಕೋ.