ಓವನ್ ಕಂಬಿಗೆ ನೇತುಬಿದ್ದ ಟ್ಯಾಕೋ

ನಮ್ಮ ಚಿಕ್ಕಪ್ಪ ಬೀದಿಗೆಲ್ಲ ಮಾಸ್ಟರ್. ಹಾಗಂತ ಯಾವ ಶಾಲೆಯಲ್ಲೂ ಪಾಠ ಹೇಳಿದವನಲ್ಲ, ಹೊಲಿಗೆ ಅಂಗಡಿಯ ಮಾಸ್ಟರ್. ಬಸ್ ಸ್ಟಾಪಿನ ಎದುರಿಗೇ ಅಂಗಡಿ. ಕಾಲಲ್ಲಿ ತುಳಿಯುವ ಮಷೀನು, ಬಟ್ಟೆ ಕತ್ತರಿಸುವ ಉದ್ದನೆಯ ಮೇಜು, ಬುಸ್ ಎಂದು ಹಬೆ ಬಿಡುವ ಇಸ್ತ್ರಿಪೆಟ್ಟಿಗೆ. ಕೊರಳಿಗೆ ಹಾಕಿಕೊಂಡ ಟೇಪನ್ನು ಮನೆಯಲ್ಲಿ ಊಟಕ್ಕೆ ಕೂತಾಗಲೂ ತೆಗೆಯಲು ಮರೆಯುತ್ತಿದ್ದ. ಚಿಕ್ಕಮ್ಮ ಸಿಟಿ ಬಸ್ಸಿನ ಡ್ರೈವರ್. ಅವಳ ಗಂಟಲಿನ ಮುಂದೆ ಹಾರ್ನ್ ಏನೂ ಅಲ್ಲ ಎಂದು ಡಿಪೋದವರೆಲ್ಲ ನಗುತ್ತಿದ್ದರು.

ಮನೆಯ ಅಡುಗೆ ಚಿಕ್ಕಪ್ಪನದೇ. "ನನ್ನ ಕೈಗೆ ಸ್ಟೀರಿಂಗ್ ಕೊಡಿ, ಸೌಟು ಮಾತ್ರ ಕೊಡಬೇಡಿ" ಅನ್ನುವವಳು ಚಿಕ್ಕಮ್ಮ. ಅವಳು ಡ್ಯೂಟಿ ಮುಗಿಸಿ ಬೂಟು ಬಿಚ್ಚುವಷ್ಟರಲ್ಲಿ ಇವನು ತಟ್ಟೆ ಹಾಕಿರುತ್ತಿದ್ದ. ಒಗ್ಗರಣೆಯ ಸದ್ದಿಗಿಂತ ಮೊದಲೇ ಅದರ ಘಮ ಹಿಡಿದು ಉಪ್ಪು ಹೆಚ್ಚೋ ಕಮ್ಮಿಯೋ ಹೇಳುವ ಮೂಗು ಅವನದು.

ಒಂದು ಸಲ ಕೆಟ್ಟ ಜ್ವರ ಬಂತು. ಬಂದ ಜ್ವರ ಹೋಗುವಾಗ ಆ ಮೂಗನ್ನೂ ನಾಲಿಗೆಯನ್ನೂ ಜೊತೆಗೇ ಕರೆದುಕೊಂಡು ಹೋಯಿತು. ಏನು ತಿಂದರೂ ಹತ್ತಿ ಅಗಿದಂತೆ. ಡಾಕ್ಟರು "ಬರುತ್ತೆ, ಆದ್ರೆ ಯಾವಾಗ ಅಂತ ಹೇಳೋಕಾಗಲ್ಲ" ಅಂದರು. ಚಿಕ್ಕಪ್ಪ ಇದನ್ನು ಯಾರಿಗೂ ತೋರಗೊಡದೆ ಅಂದಾಜಿನಲ್ಲೇ ಅಡುಗೆ ಮಾಡುತ್ತಿದ್ದ. ಒಂದು ದಿನ ಡಿಪೋದವರು ಊಟಕ್ಕೆ ಬಂದಿದ್ದರು. ಸೂಪಿಗೆ ಉಪ್ಪು ಹಾಕಿದ್ದನ್ನು ಮರೆತು ಇನ್ನೊಮ್ಮೆ ಹಾಕಿದ. ಬಂದವರು ಒಳ್ಳೆಯವರು, ಯಾರೂ ತುಟಿ ಬಿಚ್ಚಲಿಲ್ಲ. ಆದರೆ ನೀರಿನ ಜಗ್ಗು ಮತ್ತೆ ಮತ್ತೆ ಖಾಲಿಯಾಗುವುದನ್ನು ನೋಡಿ ಅವನಿಗೆ ಗೊತ್ತಾಗಿಹೋಯಿತು. ಮುಖ ಸಣ್ಣದಾಯಿತು. ಮಾರನೆಯ ದಿನದಿಂದ ಅಡುಗೆಮನೆಯ ಕಡೆ ತಲೆ ಹಾಕಲಿಲ್ಲ.

ಸೌಟು ಚಿಕ್ಕಮ್ಮನ ಕೈಗೆ ಬಂತು. ಬೆಂದದ್ದು ಅರ್ಧ, ಸೀದದ್ದು ಅರ್ಧ. ಚಿಕ್ಕಪ್ಪ ದೂರಲಿಲ್ಲ, ದೂರಿದ್ದರೇ ಅವಳಿಗೆ ಸಮಾಧಾನವಾಗುತ್ತಿತ್ತು. ಎರಡು ತುತ್ತು ನುಂಗಿ ಸಾಕು ಎಂದು ಏಳುತ್ತಿದ್ದ. ಪ್ಯಾಂಟು ಸೊಂಟದಲ್ಲಿ ನಿಲ್ಲದಾದಾಗ ತಾನೇ ಬಿಚ್ಚಿ ಹಿಡಿದು ಹೊಲಿದುಕೊಂಡ. ಅದನ್ನು ನೋಡಿದ ದಿನ ಚಿಕ್ಕಮ್ಮ ಬಚ್ಚಲುಮನೆಯ ನಲ್ಲಿ ಜೋರಾಗಿ ಬಿಟ್ಟುಕೊಂಡು ಅತ್ತಳಂತೆ.

ಡಿಪೋದ ಕ್ಯಾಂಟೀನಿನಲ್ಲಿ ಒಂದು ಮಧ್ಯಾಹ್ನ ಮೆಕ್ಯಾನಿಕ್ ಒಬ್ಬ ಅವಳ ಎದುರು ಕೂತು ಟ್ಯಾಕೋ ತಿನ್ನುತ್ತಿದ್ದ. ಮೆಕ್ಕೆಜೋಳದ ತೆಳು ರೊಟ್ಟಿಯನ್ನು ದೋಣಿಯಂತೆ ಬಗ್ಗಿಸಿ ಗರಿಗರಿ ಮಾಡಿ, ಒಳಗೆ ಬೇಯಿಸಿದ ಕಾಳು, ಹೆಚ್ಚಿದ ತರಕಾರಿ ತುಂಬಿದ್ದು. ಅವನು ಕಚ್ಚಿದ್ದಕ್ಕೆ ಎದ್ದ ಸದ್ದು ಅಷ್ಟು ಗದ್ದಲದಲ್ಲೂ ಕೇಳಿಸಿತು. ರುಚಿ ಗೊತ್ತಾಗದಿದ್ದರೇನು, ಸದ್ದಾದರೂ ಗೊತ್ತಾಗುತ್ತಲ್ಲ ಅಂದುಕೊಂಡಳು ಚಿಕ್ಕಮ್ಮ. ಸಂಜೆ ಬರುತ್ತಾ ಟೋರ್ಟಿಯಾ ಎಂದು ಬರೆದಿದ್ದ ಪೊಟ್ಟಣ ತಂದಳು. ಮೆತ್ತಗಿನ ರೊಟ್ಟಿ ಅಷ್ಟೇ, ದೋಣಿ ಮಾಡುವ ಕೆಲಸ ನಮ್ಮದು.

ರಜೆಯ ಬೆಳಗ್ಗೆ ಶುರು ಹಚ್ಚಿದಳು. ಫ್ರಿಜ್ಜಿನಿಂದ ತೆಗೆದವಳೇ ಮಡಿಸಿದಳು, ಪಟ್ಟಂತ ಎರಡು ಹೋಳು. ಇನ್ನೊಂದು, ಅದೂ ಎರಡು ಹೋಳು. ಸಿಟ್ಟು ಬಂದು ಒಂದನ್ನು ಮಡಿಸದೇ ಎಣ್ಣೆಗೆ ಬಿಟ್ಟಳು. ಅದು ಅಟ್ಟೆಯಂತೆ ಸೆಟೆದು ಕರ್ರಗಾಯಿತು. ಮನೆ ತುಂಬ ಹೊಗೆ. ಸೀದ ವಾಸನೆ ಚಿಕ್ಕಪ್ಪನಿಗೆಲ್ಲಿ ಗೊತ್ತಾಗಬೇಕು? ಕಣ್ಣು ಉರಿದಾಗಲೇ ಓಡಿ ಬಂದು ಕಿಟಕಿ ತೆರೆದ. ಮೇಜಿನ ಮೇಲಿನ ಚೂರುಗಳನ್ನು ನೋಡಿದ.

"ಏನೇ ಇದು, ಹೆಂಚು ಒಡೆದು ಗುಡ್ಡೆ ಹಾಕಿದೀಯಾ?"

"ಟ್ಯಾಕೋ ರೀ. ನಗೋದಾದ್ರೆ ಆಚೆ ಹೋಗಿ ನಗಿ."

ಅವನು ನಗಲಿಲ್ಲ. ಒಂದು ಟೋರ್ಟಿಯಾವನ್ನು ಎತ್ತಿ, ಗಿರಾಕಿ ತಂದ ಬಟ್ಟೆಯಂತೆ ಎರಡು ಬೆರಳಲ್ಲಿ ತಿಕ್ಕಿ ನೋಡಿದ. "ಒಣಗಿರೋದನ್ನ ಮಡಚಿದ್ರೆ ಮಾತು ಕೇಳುತ್ತಾ? ಹಬೆ ಬೇಕು ಇದಕ್ಕೆ."

ಒದ್ದೆ ಬಟ್ಟೆ ಹಿಂಡಿ ಅದರಲ್ಲಿ ರೊಟ್ಟಿಗಳನ್ನು ಸುತ್ತಿ ಬಿಸಿ ಮಾಡಿದ. ಬಿಚ್ಚಿದಾಗ ಕರ್ಚೀಫಿನಂತೆ ಬಾಗಿದವು. ಎರಡೂ ಕಡೆ ತೆಳ್ಳಗೆ ಎಣ್ಣೆ ಸವರಿ, ಅಂಗೈಯಿಂದ ಒತ್ತಿ ಅಚ್ಚುಕಟ್ಟಾಗಿ ಮಡಿಸಿ ಓವನ್ನಿಗಿಟ್ಟ. ಬೆಂದು ಬಂದಾಗ ಎಲ್ಲವೂ ಬಾಯಿ ಮುಚ್ಚಿಕೊಂಡಿದ್ದವು. ಬಿಡಿಸಲು ಹೋದರೆ ಮಡಿಕೆಯಲ್ಲೇ ಸೀಳಿದವು.

ಈಗ ನಗುವ ಸರದಿ ಚಿಕ್ಕಮ್ಮನದು. "ಇದೇನು ಮದುವೆ ಗಂಡಿನ ಪ್ಯಾಂಟಾ ರೀ, ಇಷ್ಟು ಗೆರೆ ಹೊಡೆದು ಇಸ್ತ್ರಿ ಹಾಕೋಕೆ? ಒಳಗೆ ಜನ ಹತ್ತಬೇಕು, ಜಾಗ ಬಿಡಿ!"

ಓವನ್ನಿನ ಕಂಬಿ ತಟ್ಟೆಯನ್ನು ಎಳೆದು ತೋರಿಸಿದಳು. "ಒಂದು ಕಂಬಿ ಮೇಲಲ್ಲ, ಎರಡರ ಮೇಲೆ ಹಾಕಿ. ಆ ಕಡೆ ಒಂದು ಕಾಲು, ಈ ಕಡೆ ಒಂದು ಕಾಲು ಇಳಿಬಿಡಲಿ."

ಉಳಿದ ರೊಟ್ಟಿಗಳನ್ನು ಮತ್ತೆ ಮೆತ್ತಗೆ ಮಾಡಿ, ಎಣ್ಣೆ ಸವರಿ ಹಾಗೇ ಹಾಕಿದರು. ಇಬ್ಬರೂ ಓವನ್ನಿನ ಗಾಜಿನ ಮುಂದೆ ಕುಕ್ಕರಗಾಲಲ್ಲಿ ಕೂತು, ತೊಟ್ಟಿಲಲ್ಲಿರುವ ಕೂಸನ್ನು ನೋಡುವವರಂತೆ ನೋಡಿದರು. ಅಂಚು ಹೊಂಬಣ್ಣಕ್ಕೆ ತಿರುಗಿತು. ತೆಗೆದು ಆರಲು ಬಿಟ್ಟಾಗ ಇನ್ನಷ್ಟು ಬಿಗಿದುಕೊಂಡು, ಬಾಯಿ ತೆರೆದೇ ನಿಂತವು.

ತುಂಬಲು ಏನೂ ಸಿದ್ಧವಿರಲಿಲ್ಲ. ಚಿಕ್ಕಪ್ಪ ಬರೀ ದೋಣಿಯನ್ನೇ ಕಚ್ಚಿದ. ಕಟುಂ ಎಂದಿತು. ಇನ್ನೊಮ್ಮೆ ಕಚ್ಚಿದ. "ಕಿವಿ ಒಳಗಡೆಯಿಂದ ಕೇಳಿಸ್ತಿದೆ ಕಣೇ" ಅಂದ. ಒಂದು ಮುಗಿಸಿ ಎರಡನೆಯದಕ್ಕೆ ಕೈ ಹಾಕಿದಾಗ ಚಿಕ್ಕಮ್ಮ ಆಚೆ ತಿರುಗಿ, ಒರೆಸಿದ ಮೇಜನ್ನೇ ಮತ್ತೆ ಒರೆಸಿದಳು.

ಆಮೇಲೆ ಚಿಕ್ಕಪ್ಪ ತಾನಾಗಿಯೇ ಒಲೆಯ ಮುಂದೆ ನಿಂತ. ಕಾಳು ಬೇಯಿಸಿ, ಈರುಳ್ಳಿ ಟೊಮೆಟೊ ಹೆಚ್ಚಿ ಬೆರೆಸಿದ. ಉಪ್ಪಿನ ಡಬ್ಬಿ ಕೈಗೆ ತೆಗೆದುಕೊಂಡವನು ಅಲ್ಲೇ ತಡೆದು ನಿಂತ. ಅದನ್ನು ಹೆಂಡತಿಯ ಕಡೆ ಚಾಚಿದ.

"ಉಪ್ಪು ನೀನು ನೋಡು."

ಅಷ್ಟು ವರ್ಷದಲ್ಲಿ ಒಮ್ಮೆಯೂ ಕೇಳದ ಮಾತು. ಚಿಕ್ಕಮ್ಮ ಚಿಟಿಕೆ ಹಾಕಿ ನೆಕ್ಕಿ ನೋಡಿ, "ಇನ್ನೊಂಚೂರು" ಅಂದಳು, ಮತ್ತೆ ಹಾಕಿ ನೋಡಿದಳು. ಅಂದಿನಿಂದ ಕೈ ಅವನದು, ನಾಲಿಗೆ ಅವಳದು. ಟ್ಯಾಕೋದಿಂದ ಶುರುವಾಗಿ ಮಿಕ್ಕ ಅಡುಗೆಗೂ ಅದೇ ಪದ್ಧತಿ ಬಂತು. ಜಗಳವೂ ಹೆಚ್ಚಾಯಿತು, ಯಾಕೆಂದರೆ ಚಿಕ್ಕಮ್ಮನಿಗೆ ಖಾರ ಎಷ್ಟಿದ್ದರೂ ಸಾಲದು, ಅವನ ಹೊಟ್ಟೆಗೆ ಅದು ಆಗಿಬರದು. ಆದರೆ ಚಿಕ್ಕಪ್ಪ ಮೈ ತುಂಬಿಕೊಂಡ.

ಎಷ್ಟೋ ತಿಂಗಳ ಮೇಲೆ ಒಂದು ದಿನ ಅಂಗಡಿಯಲ್ಲಿ ಹಳೆಯ ಉಣ್ಣೆ ಕೋಟಿಗೆ ಇಸ್ತ್ರಿ ಹಾಕುತ್ತಿದ್ದಾಗ ಏನೋ ಮೂಗಿಗೆ ಬಡಿಯಿತು. ಒದ್ದೆ ಉಣ್ಣೆಯ ಕಮಟು ವಾಸನೆ. ಕೋಟಿಗೆ ಮೂಗು ಒತ್ತಿ ಮತ್ತೆ ಮೂಸಿದ. ಇಸ್ತ್ರಿಪೆಟ್ಟಿಗೆಯ ಸ್ವಿಚ್ ಆರಿಸಿ, ಗಿರಾಕಿಯನ್ನು ಕೂರಿಸಿ ರಸ್ತೆಗೆ ಓಡಿದ. ಸ್ಟಾಪಿನಲ್ಲಿ ಚಿಕ್ಕಮ್ಮನ ಬಸ್ಸು ಹೊರಡುವುದರಲ್ಲಿತ್ತು. ಬಾಗಿಲು ಬಡಿದ. ಅವಳು ತೆರೆದಳು.

"ವಾಸನೆ ಬಂತು ಕಣೇ! ಕುರಿ ವಾಸನೆ!"

ಬಸ್ಸಿನ ತುಂಬ ಜನ. ಚಿಕ್ಕಮ್ಮ ಒಂದು ಕ್ಷಣ ಸ್ಟೀರಿಂಗ್ ಮೇಲೆ ತಲೆಯಿಟ್ಟಳು. ಆಮೇಲೆ ಎಂದಿನ ಗಂಟಲಲ್ಲೇ, "ರೀ ಮಾಸ್ಟ್ರೇ, ಹತ್ತೋದಾದ್ರೆ ಹತ್ತಿ, ಬಾಗಿಲು ಹಾಕ್ಬೇಕು" ಅಂದಳು. ಚಿಕ್ಕಪ್ಪ ಹತ್ತಿ, ಅವಳ ಹಿಂದಿನ ಸೀಟಿನಲ್ಲಿ ಕೂತು, ಕೊನೆಯ ಸ್ಟಾಪಿನವರೆಗೂ ಹೋಗಿ ಬಂದ.