ವರ್ತಿಯ ನೀರು, ಹೊಳೆಯ ಉಸುಕು

ಗಜೇಂದ್ರಗಡದ ಪೇಟೆಯಲ್ಲಿ ಬೆಳೆದ ನನಗೆ ಹೊಳೆ ಅಂದರೆ ನೀರು ಇರಲೇಬೇಕು ಎಂಬ ಲೆಕ್ಕ. ರೋಣ ತಾಲೂಕಿನ ಮಲಪ್ರಭೆ ದಂಡೆಯ ಊರಿಗೆ ಸೊಸೆಯಾಗಿ ಬಂದ ಮೊದಲ ಬೇಸಿಗೆಯಲ್ಲಿ ಅತ್ತೆ ಕೊಡ ಕೊಟ್ಟು ಹೊಳೆಗೆ ಕರೆದೊಯ್ದರು. ನೋಡಿದರೆ ಅಲ್ಲಿ ಬರೀ ಉಸುಕು. ಅತ್ತೆ ಕುಕ್ಕರಗಾಲಲ್ಲಿ ಕೂತು ಎರಡೂ ಕೈಯಿಂದ ಉಸುಕು ತೋಡಿದರು. ಸ್ವಲ್ಪ ಹೊತ್ತಿಗೆ ತಳದಲ್ಲಿ ತಿಳಿನೀರು ಜಿನುಗಿ ನಿಂತಿತು. ಅದೇ ವರ್ತಿ. ತಂಬಿಗೆಯಿಂದ ನಿಧಾನಕ್ಕೆ ಮೊಗೆದು ಕೊಡ ತುಂಬಬೇಕು. ಅವಸರ ಮಾಡಿದರೆ ರಾಡಿ.

ನಮ್ಮೂರ ನಲ್ಲಿಯಲ್ಲಿ ಬರುವ ಬೋರಿನ ನೀರು ಸವಳು. ಅದರಲ್ಲಿ ತೊಗರಿ ಬೇಳೆ ಎಷ್ಟು ಕುದಿಸಿದರೂ ಬೇಯುವುದಿಲ್ಲ. ಹಾಗಾಗಿ ಬೇಸಿಗೆಯ ಅಡುಗೆಯೆಲ್ಲ ವರ್ತಿಯ ನೀರಿನದೇ.

ಆಮೇಲೆ ಟ್ರ್ಯಾಕ್ಟರುಗಳು ಬಂದವು. ಸುತ್ತಲಿನ ಊರುಗಳಲ್ಲೆಲ್ಲ ಮನೆಗಳು ಏಳುತ್ತಿದ್ದವು, ಉಸುಕು ಎಲ್ಲರಿಗೂ ಬೇಕಿತ್ತು. ನಮಗೂ ಬೇಕಿತ್ತು, ಸುಳ್ಳೇಕೆ? ಹೊಸ ಅಡುಗೆಮನೆಯ ಗೋಡೆ ಗಿಲಾವಿಗೆ ಕಾದಿತ್ತು, ಗೌಂಡಿ ಹೊಳೆ ಉಸುಕೇ ಆಗಬೇಕೆಂದು ಹಟ ಹಿಡಿದಿದ್ದ. ಒಂದೆರಡು ಬೇಸಿಗೆಯೊಳಗೆ ಹೊಳೆಯ ತಳದ ಕರಿ ಜೇಡಿ ಮೇಲೆ ಬಂತು. ಅತ್ತೆ ಎಲ್ಲಿ ತೋಡಿದರೂ ಕೈಗೆ ಕೆಸರು ಮೆತ್ತಿತೇ ಹೊರತು ನೀರು ಬರಲಿಲ್ಲ.

ಅತ್ತೆ ಸುಮ್ಮನೆ ಕೂರುವ ಪೈಕಿ ಅಲ್ಲ. ಓಣಿಯ ಹೆಂಗಸರನ್ನು ಕಟ್ಟಿಕೊಂಡು ತಾಲೂಕು ಕಚೇರಿಗೆ ಹೋಗಿ, ತಹಶೀಲ್ದಾರ ಸಾಹೇಬರ ಮೇಜಿನ ಮೇಲೆ ಬೇಯದ ಬೇಳೆಯ ಡಬ್ಬಿ ಇಟ್ಟರು.

"ಇದನ್ನ ಉಂಡು ನೋಡ್ರಿ ಸಾಹೇಬ್ರ. ಆಮ್ಯಾಲ ಮಾತಾಡೂಣು."

ಸಾಹೇಬರು ಉಂಡರೋ ಇಲ್ಲವೋ, ನಾನು ಬಾಗಿಲ ಹೊರಗಿದ್ದೆ. ಕೆಲವು ತಿಂಗಳ ಮೇಲೆ ನಿಯಮ ಬಂತು. ಪರವಾನಗಿ ಇದ್ದವರು ಊರಾಚೆಯ ತಿರುವಿನಲ್ಲಿ ಗುರುತು ಹಾಕಿದಷ್ಟೇ ಆಳ ತೆಗೆಯಬೇಕು. ಊರ ಮುಂದೆ ಒಂದು ಬುಟ್ಟಿ ಉಸುಕನ್ನೂ ಮುಟ್ಟುವಂತಿಲ್ಲ. ಕಾಯಲು ನರಗುಂದದ ಕಡೆಯ ಕಾಲುವೆ ಸೀಮೆಯವನೊಬ್ಬನನ್ನು ಇಟ್ಟರು. ನಮ್ಮ ಅಡುಗೆಮನೆಗೆ ಎಂ ಸ್ಯಾಂಡಿನ ಗಿಲಾವಾಯಿತು. ಗೌಂಡಿ ಗೊಣಗಿದ, ಗೋಡೆ ಮಾತ್ರ ಗಟ್ಟಿಯಾಗೇ ನಿಂತಿದೆ.

ಮಳೆಗಾಲದಲ್ಲಿ ಹೊಳೆ ತುಂಬಿ ಬಂದು ಒಂದಿಷ್ಟು ಉಸುಕು ಹಾಕಿ ಹೋಯಿತು. ಬೇಸಿಗೆ ಬಂದದ್ದೇ ತಡ, ಅತ್ತೆ ಕೊಡ ಹೊತ್ತು, ಕೈ ಸೋಲುತ್ತವೆಂದು ಉಸುಕು ಎತ್ತಿಹಾಕಲು ಒಂದು ಬುಟ್ಟಿಯನ್ನೂ ಹಿಡಿದು, ನನ್ನ ಜತೆ ಹೊಳೆಗಿಳಿದರು. ತೋಡಲು ಶುರು ಮಾಡಿದ್ದರಷ್ಟೆ, ಕಾವಲಿನವನು ಸೀಟಿ ಊದುತ್ತ ಓಡಿ ಬಂದ.

"ಯವ್ವಾ, ಉಸುಕು ತಗೀಬ್ಯಾಡ್ರಿ. ಇಲ್ಲಿ ಬಂದ್ ಐತಿ."

"ನಾ ನೀರಿಗೆ ಬಂದೀನೋ ತಮ್ಮಾ. ನಿನ್ನ ಇಲ್ಲಿ ಕೂಡಿಸಿದಾಕೀನ ನಾನು."

"ಯಾರರ ಇರ್ರಿ. ಯಾರನ್ನೂ ಬಿಡಬ್ಯಾಡ ಅಂದಾರ್ರಿ ಸಾಹೇಬ್ರು."

ನನಗೆ ಸಿಟ್ಟು ನೆತ್ತಿಗೇರಿತು. ಕಾಲುವೆ ನೀರು ಕುಡಿದು ಬೆಳೆದವನಿಗೆ ವರ್ತಿ ಏನು ಗೊತ್ತು ಎಂದು ಬಾಯಿಗೆ ಬಂದಂತೆ ಬೈದೆ. ಅತ್ತೆ ನನ್ನ ತೋಳು ಹಿಡಿದರು. ಖಾಲಿ ಕೊಡ ಎತ್ತಿಕೊಂಡು ದಂಡೆ ಹತ್ತಿದರು. ದಾರಿಯಲ್ಲಿ ನೋಡಿದರೆ ಒಳಗೊಳಗೇ ನಗುತ್ತಿದ್ದಾರೆ.

"ನಗೂದೇನೈತ್ರಿ ಅತ್ತಿ? ಸಂಜಿಗೆ ಬ್ಯಾಳಿ ಹ್ಯಾಂಗ ಬೇಸೂದು?"

"ಇವತ್ತ ಕಡ್ಲಿ ಹಿಟ್ಟಿನ ಜುಣಕ ಮಾಡು. ಬುಟ್ಟಿ ಹಿಡದ ಮುದುಕೀನ ಬಿಡಲಿಲ್ಲ ಅಂವ. ಟ್ರ್ಯಾಕ್ಟರ್ ಬಿಡ್ತಾನೇನ?"

ಸಾಹೇಬರೇ ಬಂದು ವರ್ತಿ ಅಂದರೇನೆಂದು ಅವನಿಗೆ ತಿಳಿಸುವವರೆಗೂ ನಮ್ಮ ಮನೆಯಲ್ಲಿ ಜುಣಕವೇ. ಯಾರೂ ತಕರಾರು ಮಾಡಲಿಲ್ಲ. ಮೊದಲು ಮುಖ ಗಂಟಿಕ್ಕಿದ್ದವಳು ನಾನೇ, ಆಮೇಲೆ ನನಗೂ ಅದು ರುಚಿಸಿತು.

ಈಗ ಅತ್ತೆಗೆ ಮೊಣಕಾಲು ಬಗ್ಗುವುದಿಲ್ಲ. ವರ್ತಿ ತೋಡುವುದು ನಾನು. ಬೇಳೆ ಬೆಣ್ಣೆಯಂತೆ ಬೇಯುತ್ತದೆ. ಇಷ್ಟು ವರ್ಷದ ಪರಿಚಯವಾದರೂ ಕಾವಲಿನವನು ಎದ್ದು ಬಂದು, ಕೊಡದಲ್ಲಿ ನೀರಿದೆಯೋ ಉಸುಕಿದೆಯೋ ಎಂದು ಇಣುಕಿ ನೋಡುತ್ತಾನೆ. ನಾನು ಕೊಡ ಬಾಗಿಸಿ ತೋರಿಸುತ್ತೇನೆ.