ನನ್ನ ಹೆಸರು ನಂಬಿ ಬಂದವಳು

ಕೊಲ್ಲಿಯ ಒಂದು ದೇಶದ ರಾಜಧಾನಿಯಲ್ಲಿರುವ ನಮ್ಮ ರಾಯಭಾರ ಕಚೇರಿಯಲ್ಲಿ ನಾನು ಆಗ ಕಾನ್ಸುಲರ್ ವಿಭಾಗದ ಸಹಾಯಕ ಅಧಿಕಾರಿ. ನಿವೃತ್ತಿಗೆ ಎರಡು ವರ್ಷ ಬಾಕಿಯಿತ್ತು. ಕಾನ್ಸುಲರ್ ಎಂದರೆ ಪರದೇಶದಲ್ಲಿರುವ ನಮ್ಮ ಜನರ ಕಾಗದಪತ್ರದ ಕೆಲಸ: ಪಾಸ್‌ಪೋರ್ಟ್ ನವೀಕರಣ, ದೃಢೀಕರಣ, ಸತ್ತವರ ದೇಹ ಊರಿಗೆ ಕಳಿಸುವುದು, ಜೈಲಿನಲ್ಲಿದ್ದವರ ಭೇಟಿ. ಬರುವವರು ಮೊದಲೇ ಅಪಾಯಿಂಟ್‌ಮೆಂಟ್ ಪಡೆದು, ಗೇಟಿನಲ್ಲಿ ಗುರುತಿನ ಚೀಟಿ ತೋರಿಸಿ, ಮೊಬೈಲ್ ಅಲ್ಲೇ ಇಟ್ಟು, ಟೋಕನ್ ಹಿಡಿದು ಕೂರಬೇಕು. ಯಾವ ಕಾಗದವೂ ಇಲ್ಲದೆ ತಪ್ಪಿಸಿಕೊಂಡು ಬಂದವರಿಗೆ ಬೇರೆಯೇ ಒಂದು ಕೌಂಟರ್ ಇತ್ತು. ಅದು ನನ್ನದು.

ಒಂದು ಬೆಳಿಗ್ಗೆ ಗೇಟಿನಿಂದ ಫೋನ್ ಬಂತು. ಯಾರೋ ಹೆಂಗಸು ಬಂದಿದ್ದಾಳೆ, ಕೈಯಲ್ಲಿ ಏನೂ ಇಲ್ಲ, ನಿಮ್ಮ ಹೆಸರು ಮಾತ್ರ ಹೇಳುತ್ತಿದ್ದಾಳೆ ಎಂದರು. ಒಳಗೆ ಕಳಿಸಲು ಹೇಳಿದೆ. ನಲವತ್ತರ ಆಸುಪಾಸಿನ ಹೆಂಗಸು. ಕಾಲಲ್ಲಿ ಬಚ್ಚಲುಮನೆಯ ಚಪ್ಪಲಿ. ಕೌಂಟರಿನ ಗಾಜಿನಾಚೆ ನಿಂತು ನನ್ನ ಮುಖವನ್ನೇ ನೋಡಿದಳು. ಆಮೇಲೆ ಕನ್ನಡದಲ್ಲಿ ಕೇಳಿದಳು:

"ಶಿವಾನಂದ ಸರ್ ಅಂದ್ರೆ ನೀವೇನಾ? ನಮ್ಮನ್ನ ಇಲ್ಲಿಗೆ ಕರೆಸ್ಕೊಂಡಿದ್ದು ನೀವೇನಾ?"

ಮೂವತ್ತು ವರ್ಷದ ಸೇವೆಯಲ್ಲಿ ಅಂಥ ಪ್ರಶ್ನೆಯನ್ನು ನಾನು ಕೇಳಿರಲಿಲ್ಲ.

ಅವಳ ಹೆಸರು ಗಿರಿಜಾ. ಭದ್ರಾವತಿಯವಳು. ಅಲ್ಲಿ ವಿದ್ಯಾರ್ಥಿಗಳ ಹಾಸ್ಟೆಲ್ಲೊಂದರಲ್ಲಿ ಅಡುಗೆ ಮಾಡುತ್ತಿದ್ದಳು. ಆಸ್ಪತ್ರೆಯ ಕ್ಯಾಂಟೀನಿನಲ್ಲಿ ಕೆಲಸ ಎಂದು ಹೇಳಿ ಇಲ್ಲಿಗೆ ಕಳಿಸಿದವನು ಶಿವಮೊಗ್ಗದ ಲೋಕೇಶ. ಅಲ್ಲಿಯ ಹೊಸಮನೆ ಬಡಾವಣೆಯಲ್ಲಿ ನಮ್ಮ ಬೀದಿಯವನೇ, ಹೈಸ್ಕೂಲಿನಲ್ಲಿ ನನ್ನ ಜೊತೆ ಓದಿದವನು. ವಿದ್ಯಾನಗರದಲ್ಲಿ ಅವನು ಟ್ರಾವೆಲ್ಸ್ ಆಫೀಸು ತೆರೆದಾಗ ನಾನು ರಜೆಯ ಮೇಲೆ ಊರಿನಲ್ಲಿದ್ದೆ. ಕರೆದ, ಹೋದೆ. ಶಾಲು ಹೊದಿಸಿ, ಹೆಗಲ ಮೇಲೆ ಕೈಹಾಕಿ ಫೋಟೊ ತೆಗೆಸಿಕೊಂಡ. ಆ ಫೋಟೊಗೆ ಕಟ್ಟು ಹಾಕಿಸಿ ಮೇಜಿನ ಮೇಲಿಟ್ಟು, ಬಂದ ಹೆಂಗಸರಿಗೆಲ್ಲ ತೋರಿಸುತ್ತಿದ್ದನಂತೆ. ನಮ್ಮ ಹುಡುಗ ಎಂಬಸಿಯಲ್ಲೇ ಇದ್ದಾನೆ, ಏನೇ ಆದರೂ ಅವನು ನೋಡಿಕೊಳ್ಳುತ್ತಾನೆ ಎನ್ನುತ್ತಿದ್ದನಂತೆ.

ಇಲ್ಲಿ ಒಂದು ನಿಯಮ ಹೇಳಬೇಕು. ಹತ್ತನೇ ತರಗತಿ ಪಾಸಾಗದವರು ಕೊಲ್ಲಿ ದೇಶಗಳಿಗೆ ಕೆಲಸಕ್ಕೆ ಹೋಗುವ ಮುಂಚೆ ಸರ್ಕಾರದಿಂದ ಎಮಿಗ್ರೇಷನ್ ಕ್ಲಿಯರೆನ್ಸ್ ಪಡೆಯಬೇಕು. ಕರೆಸಿಕೊಳ್ಳುವ ಮಾಲೀಕ ಯಾರು, ಕೆಲಸ ಏನು ಎಂಬುದು ಅಲ್ಲಿ ದಾಖಲಾಗುತ್ತದೆ. ಆ ತಪಾಸಣೆ ತಪ್ಪಿಸಲು ಲೋಕೇಶ ಅವಳನ್ನು ವಿಸಿಟ್ ವೀಸಾದಲ್ಲಿ, ಪ್ರವಾಸಿ ಎಂದು ಕಳಿಸಿದ್ದ. ಇಳಿದ ದಿನವೇ ಅವನ ಇಲ್ಲಿಯ ಪಾಲುದಾರ ಅವಳ ಪಾಸ್‌ಪೋರ್ಟ್ ಕಸಿದುಕೊಂಡು, ಹದಿನಾಲ್ಕು ಜನರ ಒಂದು ಕುಟುಂಬದ ಮನೆಗೆಲಸಕ್ಕೆ ದೂಡಿದ್ದ. ಅಲ್ಲಿ ಫೋನೂ ಹೋಯಿತು.

ಅವಳು ಆ ಮನೆಯಲ್ಲಿದ್ದಾಗ ಭದ್ರಾವತಿಯಲ್ಲಿ ಅವಳ ತಾಯಿ ತೀರಿಕೊಂಡರು. ಅಣ್ಣ ಲೋಕೇಶನ ಆಫೀಸಿಗೆ ಹೋಗಿ, ಹೇಗಾದರೂ ಸುದ್ದಿ ಮುಟ್ಟಿಸಿ ಎಂದು ಬೇಡಿಕೊಂಡ. ತಿಳಿಸಿದ್ದೇನೆ, ಅವಳೇ ಬರೋದಿಲ್ಲ ಅಂದಳು ಎಂದು ಲೋಕೇಶ ಹೇಳಿ ಕಳಿಸಿದ. ನಲವತ್ತು ದಿನದ ಮೇಲೆ ಆ ಮನೆಯ ಡ್ರೈವರಿನ ಫೋನಿನಿಂದ ಕದ್ದು ಮನೆಗೆ ಮಾತಾಡಿದಾಗ ಗಿರಿಜಾಗೆ ವಿಷಯ ಗೊತ್ತಾಯಿತು. ಅಣ್ಣ ಮೊದಲು ಬೈದನಂತೆ, ಹೆತ್ತವಳ ಮುಖ ನೋಡೋಕೂ ಬರಲಿಲ್ಲವಲ್ಲ ಎಂದು. ಮಾರನೆಯ ಬೆಳಿಗ್ಗೆ ಕಸ ಹಾಕಲು ಹೊರಗೆ ಬಂದವಳು ಹಿಂದಿರುಗಲಿಲ್ಲ.

ನಮ್ಮ ಆಶ್ರಯ ಕೊಠಡಿಯಲ್ಲಿ ಇರಬಹುದು, ಊರಿಗೆ ಕಳಿಸುವ ಏರ್ಪಾಡು ಮಾಡುತ್ತೇವೆ ಎಂದೆ. ಅವಳು ಅಲುಗಲಿಲ್ಲ.

"ಟಿಕೆಟ್ ಆಮೇಲೆ ಸರ್. ಮೊದ್ಲು ಅವನ ಹೆಸ್ರು ಬರ್ಕೊಳ್ಳಿ."

ನನಗೂ ಅದೇ ಬೇಕಾಗಿತ್ತು. ಆದರೆ ಆ ಫೋಟೊದಲ್ಲಿ ನಾನಿದ್ದೆ. ಆ ಸಂಗತಿಯನ್ನು ನೇರವಾಗಿ ನಮ್ಮ ವಿಭಾಗದ ಮುಖ್ಯಸ್ಥರಾದ ಕಾನ್ಸುಲ್ ಅವರ ಮುಂದಿಟ್ಟೆ. ಹೇಳಿಕೆಯನ್ನು ನೀವು ಕನ್ನಡದಲ್ಲಿ ಬರೆದುಕೊಳ್ಳಿ, ಇನ್ನೊಬ್ಬ ಅಧಿಕಾರಿ ಜೊತೆಯಲ್ಲಿ ಕೂರಲಿ, ಇಬ್ಬರೂ ಸಹಿ ಹಾಕಿ ಎಂದರು. ಏಳು ಪುಟವಾಯಿತು. ಓದಿ ಹೇಳಿದೆ, ಎರಡು ಕಡೆ ತಿದ್ದಿಸಿ ಸಹಿ ಮಾಡಿದಳು. ಮೊಹರು ಬಿದ್ದ ಪ್ರತಿ ಭದ್ರಾವತಿಗೆ ಹೋಯಿತು. ಅದನ್ನಿಟ್ಟುಕೊಂಡು ಅವಳ ಅಣ್ಣ ಠಾಣೆಯಲ್ಲಿ ದೂರು ಕೊಟ್ಟ. ಅದೇ ತಿಂಗಳು ಇನ್ನಿಬ್ಬರು ಹೆಂಗಸರು ಬಂದರು. ಅವರ ಬಾಯಲ್ಲೂ ಲೋಕೇಶ, ಅವರ ಬಾಯಲ್ಲೂ ನಾನು.

ಕೆಲಸದವರು ಓಡಿಹೋದರೆಂದು ಮನೆಗಳ ಮಾಲೀಕರು ಪಾಲುದಾರನ ಮೇಲೆ ಹರಿಹಾಯ್ದರು. ಪಾಲುದಾರ ಲೋಕೇಶನನ್ನು ಊರಿನಿಂದ ಕರೆಸಿಕೊಂಡ. ಬದಲಿ ಜನ ಬರುವವರೆಗೆ ನೀನು ಇಲ್ಲೇ ಇರು ಎಂದು ಅವನ ಪಾಸ್‌ಪೋರ್ಟನ್ನೇ ಕಿತ್ತಿಟ್ಟುಕೊಂಡ. ಹೀಗೆ, ಠಾಣೆಯ ದೂರಿನ ಸುಳಿವೇ ಇಲ್ಲದೆ, ಲೋಕೇಶ ಒಂದು ದಿನ ನನ್ನ ಕೌಂಟರಿಗೆ ಬಂದ.

"ಮಾರಾಯ, ನೀನಿದೀಯ ಅಂತ ಧೈರ್ಯ. ಒಳಗೆ ಒಂದು ಮಾತು ಹೇಳಿ ನನ್ನ ಬೇಗ ಕಳಿಸ್ಬಿಡು."

ಪಾಸ್‌ಪೋರ್ಟ್ ಕೈತಪ್ಪಿದವರಿಗೆ ನಾವು ಕೊಡುವುದು ಎಮರ್ಜೆನ್ಸಿ ಸರ್ಟಿಫಿಕೇಟ್. ಭಾರತಕ್ಕೆ ಒಂದೇ ಸಲ ಹೋಗಲು ಆಗುವ ಕಾಗದ. ನಾನು ಟೋಕನ್ ಕೊಟ್ಟು ಬೆಂಚು ತೋರಿಸಿದೆ. ಮೊದಲ ದಿನ ಸ್ಥಳೀಯ ಪೊಲೀಸರ ವರದಿ ಇಲ್ಲವೆಂದು ವಾಪಸು ಕಳಿಸಿದೆ. ಎರಡನೆಯ ದಿನ ಫೋಟೊದ ಹಿನ್ನೆಲೆ ಬಿಳಿಯಲ್ಲವೆಂದೆ. ಮೂರನೆಯ ದಿನ ಸಹಿ ಗೆರೆ ದಾಟಿದೆ ಎಂದೆ. ನಾಲ್ಕನೆಯ ದಿನ ಸಂಜೆಯವರೆಗೆ ಕೂರಿಸಿ, ಸಮಯ ಮುಗಿಯಿತು ಎಂದೆ. ಹೊರಗೆ ನಲವತ್ತೈದು ಡಿಗ್ರಿ ಬಿಸಿಲು. ಅವನ ಅಂಗಿ ಬೆವರಿನಿಂದ ಬೆನ್ನಿಗೆ ಅಂಟಿಕೊಂಡಿದ್ದನ್ನು ಕಂಡು ನನಗೆ ಸಂತೋಷವಾಗಿತ್ತು. ಮುಚ್ಚಿಟ್ಟು ಪ್ರಯೋಜನವಿಲ್ಲ.

ವೀಸಾ ಅವಧಿ ಮೀರಿದ್ದರಿಂದ ಆ ದೇಶದ ನಿರ್ಗಮನ ಅನುಮತಿಗಾಗಿ ಗಿರಿಜಾ ಇನ್ನೂ ಕಾಯುತ್ತಿದ್ದಳು. ಆಶ್ರಯ ಕೊಠಡಿಯ ಕಿಟಕಿಯಿಂದ ಆ ನಾಲ್ಕು ದಿನವೂ ಅವನನ್ನು ನೋಡಿದ್ದಳಂತೆ. ಐದನೆಯ ಬೆಳಿಗ್ಗೆ ನನ್ನ ಮೇಜಿನ ಹತ್ತಿರ ಬಂದಳು.

"ಅವನನ್ನ ಯಾಕೆ ಇಲ್ಲಿ ಕೂರಿಸ್ಕೊಂಡಿದೀರಿ ಸರ್? ಇಲ್ಲಿ ಅವನಿಗೆ ಏನಾಗುತ್ತೆ, ಬಿಸಿಲು ತಾನೆ? ಊರಿಗೆ ಕಳ್ಸಿ. ನಮ್ಮ ದೂರು ಇರೋದು ಅಲ್ಲಿ."

ನಾಚಿಕೆಯಾಯಿತು. ನನ್ನ ಸೇಡು ನಾಲ್ಕು ದಿನದ್ದು. ಅವಳದು ಅಷ್ಟಕ್ಕೆ ತೀರುವಂಥದ್ದಲ್ಲ. ಅಷ್ಟು ಹೊತ್ತಿಗೆ ಭದ್ರಾವತಿ ಪೊಲೀಸರು ಅವನ ಮೇಲೆ ಲುಕ್‌ಔಟ್ ಸರ್ಕ್ಯುಲರ್ ಹೊರಡಿಸಿದ್ದರು, ಅಂದರೆ ವಿಮಾನ ನಿಲ್ದಾಣದಲ್ಲಿ ಕಂಡರೆ ತಡೆಯಿರಿ ಎಂಬ ಸೂಚನೆ. ಕಾನ್ಸುಲ್ ಅವರಿಗೆ ನಾಲ್ಕು ದಿನದ ನನ್ನ ವರಸೆಯನ್ನೂ ಹೇಳಿ ಬೈಸಿಕೊಂಡೆ. ಅಂದು ಮಧ್ಯಾಹ್ನವೇ ಲೋಕೇಶನ ಸರ್ಟಿಫಿಕೇಟ್ ಸಿದ್ಧವಾಯಿತು. ಅವನು ಯಾವ ವಿಮಾನದಲ್ಲಿ ಹೊರಡುತ್ತಾನೆ ಎಂಬುದು ಕಚೇರಿಯ ಕ್ರಮದಂತೆ ಊರಿನ ಪೊಲೀಸರಿಗೂ ತಲುಪಿತು.

"ನಿನ್ನ ಉಪಕಾರ ಮರೆಯಲ್ಲ ಮಾರಾಯ" ಎಂದ. ನಾನು ರಿಜಿಸ್ಟರ್ ತಿರುಗಿಸಿ, ಸಹಿ ಹಾಕುವ ಜಾಗ ತೋರಿಸಿದೆ.

ಬೆಂಗಳೂರಿನಲ್ಲಿ ಇಮಿಗ್ರೇಷನ್ ಸಾಲಿನಿಂದಲೇ ಅವನನ್ನು ಪಕ್ಕಕ್ಕೆ ಕರೆದರು. ಹನ್ನೊಂದು ದಿನದ ಮೇಲೆ ಗಿರಿಜಾ ಊರು ಸೇರಿದಳು.

ನಾನು ನಿವೃತ್ತನಾಗಿ ಶಿವಮೊಗ್ಗಕ್ಕೆ ಬಂದ ಮೇಲೆ ಭದ್ರಾವತಿ ನ್ಯಾಯಾಲಯದಿಂದ ಸಮನ್ಸ್ ಬಂತು, ಹೇಳಿಕೆಯ ಮೇಲಿನ ಸಹಿಯನ್ನು ಗುರುತಿಸಬೇಕೆಂದು. ಲೋಕೇಶ ಕಟಕಟೆಯಲ್ಲಿದ್ದ. ಅವನ ವಕೀಲರು ಕೇಳಿದರು: "ಆರೋಪಿಯ ಮೇಲೆ ನಿಮಗೆ ವೈಯಕ್ತಿಕ ದ್ವೇಷ ಇದೆಯಲ್ಲವೇ?"

"ಇದೆ" ಎಂದೆ. "ಆದರೆ ಆ ಏಳು ಪುಟದಲ್ಲಿ ನನ್ನ ಒಂದು ಪದವೂ ಇಲ್ಲ. ಎಲ್ಲ ಆಕೆಯದು. ಜೊತೆಗೆ ಕೂತಿದ್ದ ಅಧಿಕಾರಿಯ ಸಹಿಯೂ ಇದೆ, ನೋಡಿ."

ವಕೀಲರು ಪುಟ ತಿರುವಿ ಕೂತರು. ಶಿಕ್ಷೆಯಾಯಿತು. ಅಪೀಲು ಹಾಕುವ ಮೊದಲು ಹಳೆಯ ಸಹಪಾಠಿಯೊಬ್ಬನ ಕೈಯಲ್ಲಿ ಲೋಕೇಶ ಹೇಳಿ ಕಳಿಸಿದ, ಜೈಲಿಗೆ ಒಂದು ಸಲ ಬಂದು ಹೋಗು ಎಂದು. ಪರದೇಶದಲ್ಲಿ ಗುರುತಿಲ್ಲದ ಎಷ್ಟೋ ಕೈದಿಗಳನ್ನು ನಾನು ಹುಡುಕಿಕೊಂಡು ಹೋಗಿ ಕಂಡಿದ್ದೇನೆ. ಇವನನ್ನು ನೋಡಲು ಹೋಗಲಿಲ್ಲ, ಹೋಗುವುದೂ ಇಲ್ಲ.

ಸಿಟ್ಟು ಬಂದ ಅಧಿಕಾರಿಗೆ ಕಡತ ತಡೆಯುವುದೇ ಸುಲಭದ ಹಾದಿ. ತಡೆದ ಕಡತ ಎಷ್ಟೋ ಸಲ ತಪ್ಪಿತಸ್ಥನನ್ನೇ ಕಾಪಾಡುತ್ತದೆ. ಸೇಡು ನಿಜವಾಗಿ ತೀರಬೇಕಾದರೆ ಕಾಗದ ಸರಿಯಾಗಿರಬೇಕು, ಸರಿಯಾದ ಊರಿಗೆ ಹೋಗಬೇಕು, ಬೇಗ ಹೋಗಬೇಕು. ಮೂವತ್ತು ವರ್ಷ ಆ ಕೆಲಸ ಮಾಡಿದ ನನಗೆ ಇದನ್ನು ಕಲಿಸಲು, ಏಳನೇ ತರಗತಿಗೆ ಶಾಲೆ ಬಿಟ್ಟ ಗಿರಿಜಾ ಬರಬೇಕಾಯಿತು.